ಸರ್ಕಾರ ಬಾಡಿಗೆಗಿದೆ

(ತಾಲ್ಲೂಕು ಕೇಂದ್ರದ ಒಂದು ಸರ್ಕಾರಿ ಕಚೇರಿ. ಮ್ಯಾನೇಜರ್ ಕೂತಿದ್ದಾರೆ. ಕಟ್ಟಡದ ಮಾಲೀಕರು ನಿಂತಿದ್ದಾರೆ.)

ಮಾಲೀಕರು: ಸಾರ್, ಕರಾರು ಮುಗಿದು ಮೂರು ವರ್ಷ ಆಯ್ತು. ಯಾವಾಗ ಖಾಲಿ ಮಾಡ್ತೀರಿ?

ಮ್ಯಾನೇಜರ್: ಬರವಣಿಗೆಯಲ್ಲಿ ಕೊಡಿ.

ಮಾಲೀಕರು: 1882ರ ಸ್ವತ್ತು ವರ್ಗಾವಣೆ ಕಾಯ್ದೆ, 106ನೇ ಕಲಂ, ಹದಿನೈದು ದಿನದ ನೋಟಿಸ್ ಕೊಟ್ಟೆನಲ್ಲ!

ಮ್ಯಾನೇಜರ್: ಟಪಾಲಲ್ಲಿದೆ. ಅಂದಹಾಗೆ, ಅವಧಿ ಮುಗಿದ ಮೇಲೂ ಬಾಡಿಗೆ ತಗೊಂಡಿದ್ದೀರಿ. 116ನೇ ಕಲಂ ಪ್ರಕಾರ ಅದು ತಿಂಗಳಿಂದ ತಿಂಗಳಿಗೆ ಮುಂದುವರಿದ ಹಾಗೆ.

ಮಾಲೀಕರು: ಬಾಡಿಗೆ ತಗೊಳ್ದೇ ಇದ್ರೆ?

ಮ್ಯಾನೇಜರ್: ಖಜಾನೆಗೆ ಉಳಿತಾಯ.

ಮಾಲೀಕರು: ಹಾಗಾದ್ರೆ ದಾವೆ ಹಾಕ್ತೀನಿ.

ಮ್ಯಾನೇಜರ್: ಧಾರಾಳವಾಗಿ ಹಾಕಿ. ಆದ್ರೆ ಸರ್ಕಾರದ ಮೇಲೆ ಅಂದ್ರೆ ಸಿವಿಲ್ ಪ್ರಕ್ರಿಯಾ ಸಂಹಿತೆ 80ನೇ ಕಲಂ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯಬೇಕು.

ಮಾಲೀಕರು: ಯಾಕಂತೆ?

ಮ್ಯಾನೇಜರ್: ವ್ಯಾಜ್ಯ ಇಲ್ಲದೆ ಬಗೆಹರಿಸೋಕೆ ನಮಗೊಂದು ಅವಕಾಶ.

ಮಾಲೀಕರು: ಬಗೆಹರಿಸ್ತೀರಾ?

ಮ್ಯಾನೇಜರ್: ಅವಕಾಶ ಅಂದೆ ಸ್ವಾಮಿ, ಭರವಸೆ ಅಂದೆನಾ?

ಮಾಲೀಕರು: ಬಾಡಿಗೆಯಾದ್ರೂ ಏರಿಸಿ.

ಮ್ಯಾನೇಜರ್: ದರ ನಿಗದಿ ಮಾಡೋದು ಲೋಕೋಪಯೋಗಿ ಇಲಾಖೆ. ಟೇಪು ಹಿಡಿದು ಅಳೆದು ಹೋದ್ರು. ಕಿಟಕಿಗೆ ಗಾಜಿಲ್ಲ, ಗೋಡೆ ತುಂಬ ಎಲೆ ಅಡಿಕೆ ಕಲೆ ಅಂತ ಬರೆದಿದ್ದಾರೆ.

ಮಾಲೀಕರು: ಉಗಿದೋರು ನೀವೇ ಅಲ್ವಾ!

ಮ್ಯಾನೇಜರ್: ಅದಕ್ಕೆ ಪ್ರತ್ಯೇಕ ಫೈಲು.

ಮಾಲೀಕರು: ನಿಮ್ಮದೇ ಹೊಸ ಕಟ್ಟಡ ಉದ್ಘಾಟನೆ ಆಯ್ತಲ್ಲ, ಅಲ್ಲಿಗೆ ಹೋಗಬಾರದಾ?

ಮ್ಯಾನೇಜರ್: ಅದನ್ನ ಬೇರೆ ಇಲಾಖೆಗೆ ಬಾಡಿಗೆ ಕೊಟ್ಟಿದ್ದೀವಿ. ಪುಣ್ಯಾತ್ಮರು ಖಾಲಿನೇ ಮಾಡ್ತಿಲ್ಲ!

ಮಾಲೀಕರು: ಅವರ ಮೇಲೆ ಕೇಸು ಹಾಕಿ.

ಮ್ಯಾನೇಜರ್: ಅಯ್ಯೋ, ಕೋರ್ಟು ಅಂದ್ರೆ ಎಷ್ಟು ವರ್ಷ ಎಳೆಯುತ್ತೆ ಗೊತ್ತೇನ್ರೀ ನಿಮಗೆ?