ಹಡಗು ಹತ್ತಿದ ಹತ್ತಿ

ಷೇರುಪೇಟೆಯ ಗುಳ್ಳೆಯ ಮಾತು ಬಂದರೆ ಸಾಕು, ನಮ್ಮ ಪಂಡಿತರು ಟುಲಿಪ್ ಗಡ್ಡೆ ಕೊಂಡು ಕೆಟ್ಟ ಡಚ್ಚರನ್ನು ಎಳೆತಂದು ನಗುತ್ತಾರೆ. ಅಷ್ಟು ದೂರ ಯಾಕೆ ಹೋಗಬೇಕು? ಮುಂಬಯಿಯ ಸೇಠುಗಳೇನು ಕಡಿಮೆಯೇ?

1861ರಲ್ಲಿ ಅಮೆರಿಕದ ಅಂತರ್ಯುದ್ಧ ಶುರುವಾಯಿತು. ಅಲ್ಲಿನ ದಕ್ಷಿಣದ ಬಂದರುಗಳಿಗೆ ದಿಗ್ಬಂಧನ ಬಿತ್ತು, ಇಂಗ್ಲೆಂಡಿನ ಗಿರಣಿಗಳು ಹತ್ತಿಗಾಗಿ ಬಾಯಿ ಬಿಟ್ಟವು. ನಮ್ಮ ಧಾರವಾಡ ಸೀಮೆಯ ಹತ್ತಿ ಕುಮಟಾದಿಂದ ಮುಂಬಯಿಗೆ, ಅಲ್ಲಿಂದ ಲಿವರ್‌ಪೂಲಿಗೆ ಹೊರಟಿತು. ದರ ಏರಿದ ಭರಕ್ಕೆ ಜನ ಮಲಗುವ ಹಾಸಿಗೆ ಬಿಚ್ಚಿ ಹತ್ತಿ ಮಾರಿದರಂತೆ. ನಿದ್ದೆ ಹೇಗೂ ಬರುತ್ತಿರಲಿಲ್ಲ, ಹಾಸಿಗೆ ಇಟ್ಟುಕೊಂಡು ಏನು ಮಾಡುವುದು!

ಬಂದ ದುಡ್ಡು ಸುಮ್ಮನೆ ಕೂರುತ್ತದೆಯೇ? ದಿನ ಬೆಳಗಾದರೆ ಹೊಸ ಬ್ಯಾಂಕು, ಹೊಸ ಕಂಪನಿ. ಸಮುದ್ರ ಮುಚ್ಚಿ ನೆಲ ಮಾಡುತ್ತೇವೆಂದ ಬ್ಯಾಕ್ ಬೇ ಕಂಪನಿಯ 5,000 ರೂಪಾಯಿ ಷೇರು 50,000ಕ್ಕೆ ಹೋಯಿತು. ಕೊಂಡವರ ಪಾಲಿನ ನೆಲದಲ್ಲಿ ಇನ್ನೂ ಮೀನು ಈಜುತ್ತಿದ್ದವು. ಹತ್ತಿ ವ್ಯಾಪಾರಿ, ದಲ್ಲಾಳಿಗಳ ದೊರೆ ಪ್ರೇಮಚಂದ್ ರಾಯಚಂದ್ ಕಣ್ಣು ಹಾಯಿಸಿದ ಕಂಪನಿಯೆಂದರೆ ಮುಗಿಯಿತು, ಅದು ಏನು ಮಾಡುತ್ತದೆಂದು ಯಾರೂ ಕೇಳುತ್ತಿರಲಿಲ್ಲ. ಸರ್ಕಾರವೇ ಪಾಲುದಾರನಾಗಿದ್ದ ಬ್ಯಾಂಕ್ ಆಫ್ ಬಾಂಬೆ ಷೇರು ಒತ್ತೆಯಿಟ್ಟುಕೊಂಡು ಸಾಲ ಕೊಟ್ಟಿತು. ಆ ಸಾಲದಲ್ಲಿ ಮತ್ತೆ ಷೇರು, ಆ ಷೇರಿನ ಮೇಲೆ ಮತ್ತೆ ಸಾಲ.

ಇವರ್‍ಯಾರೂ ದಡ್ಡರಲ್ಲ, ದಿನದ ಲೆಕ್ಕದಲ್ಲಿ ಕಾಸೂ ಬಿಡದವರು. ಷೇರಿಗೆ ಅಷ್ಟು ಬೆಲೆಯಿಲ್ಲವೆಂದು ಗೊತ್ತು. ತನಗಿಂತ ದಡ್ಡನೊಬ್ಬ ನಾಳೆ ಬೆಳಿಗ್ಗೆ ಸಿಗುತ್ತಾನೆಂಬ ಭರವಸೆ. ಆ ದಡ್ಡನಿಗೂ ಅದೇ ಭರವಸೆ. ಮನುಷ್ಯ ತನ್ನ ನಷ್ಟವನ್ನು ಹೇಗೋ ತಡೆದುಕೊಂಡಾನು, ಭಾವಮೈದುನನ ಲಾಭವನ್ನು ತಡೆದುಕೊಳ್ಳಲಾರ.

ಇಷ್ಟಕ್ಕೂ ಈ ವೈಭವವೆಲ್ಲ ನಿಂತದ್ದು ಅಮೆರಿಕದವರು ಒಬ್ಬರನ್ನೊಬ್ಬರು ಕೊಲ್ಲುತ್ತಲೇ ಇರುತ್ತಾರೆಂಬ ನಂಬಿಕೆಯ ಮೇಲೆ. ಅವರು ಕೈಕೊಟ್ಟರು. 1865ರ ಏಪ್ರಿಲ್‌ನಲ್ಲಿ ದಕ್ಷಿಣದ ಸೇನಾಪತಿ ಜನರಲ್ ಲೀ ಶರಣಾದ. ಲೋಕಕ್ಕೆ ಶುಭವಾರ್ತೆ, ಮುಂಬಯಿಗೆ ಸೂತಕ! ವಾಯಿದೆ ವ್ಯವಹಾರ ಚುಕ್ತಾ ಮಾಡಬೇಕಿದ್ದ ಜುಲೈ 1 ಬಂದಾಗ ಎಲ್ಲರೂ ಎಲ್ಲರಿಗೂ ಕೊಡಬೇಕಿತ್ತು, ಯಾರ ಕೈಯಲ್ಲೂ ಇರಲಿಲ್ಲ. 2,850 ರೂಪಾಯಿ ಮುಟ್ಟಿದ್ದ ಬ್ಯಾಂಕ್ ಆಫ್ ಬಾಂಬೆ ಷೇರು 87ಕ್ಕೆ ಇಳಿಯಿತು. 1868ರಲ್ಲಿ ಬ್ಯಾಂಕೇ ಮುಳುಗಿತು. ವಿಚಾರಣಾ ಆಯೋಗ ಕೂತಿತು. ಅದು ಕೂರುವ ಹೊತ್ತಿಗೆ ದುಡ್ಡು ಎದ್ದುಹೋಗಿತ್ತು.

ಇಷ್ಟಾದ ಮೇಲೆ ದಲ್ಲಾಳಿಗಳು ಕಾಶಿಗೆ ಹೋದರೇ? 1875ರಲ್ಲಿ 318 ಮಂದಿ ಸೇರಿ ಸಂಘ ಕಟ್ಟಿಕೊಂಡರು. ಇಂದಿನ ಮುಂಬಯಿ ಷೇರುಪೇಟೆಯ ಮುತ್ತಜ್ಜ ಅದೇ. ಹಳೆಯ ಪೆಟ್ಟಿನ ಎಚ್ಚರ ಒಂದು ಕಡೆ ಮಾತ್ರ ಕಾಣುತ್ತದೆ: ಪ್ರವೇಶ ಶುಲ್ಕ ಒಂದೇ ರೂಪಾಯಿ.