ಮೂಲ ಫೈಲೇ ಬೇಕು

ಬೆಂಗಳೂರಿನ ಅಪಾರ್ಟ್‌ಮೆಂಟ್ ಸಂಘದ ಕಾರ್ಯದರ್ಶಿಗಳು ಸ್ಕೂಟರ್ ಕಳವಿನ ಸಿಸಿಟಿವಿ ದೃಶ್ಯವಿದ್ದ ಪೆನ್‌ಡ್ರೈವ್ ಹಿಡಿದು ಠಾಣೆಗೆ ಬಂದರು. ಹೆಡ್ ಕಾನ್‌ಸ್ಟೇಬಲ್ ಕ್ಲಿಕ್ಕಿಸಿದರು. ಪರದೆಯೆಲ್ಲ ಕಪ್ಪು.

"ಏನ್ ಸಾರ್, ಅವತ್ತು ಕರೆಂಟ್ ಇರ್ಲಿಲ್ವಾ?"

"ಇತ್ತು ಸಾರ್. ಇದು ಡಿಎವಿ ಫೈಲು. ಮಾಮೂಲಿ ಪ್ಲೇಯರ್‌ಗೆ ಬಗ್ಗಲ್ಲ. ಡಿವಿಆರ್ ಕಂಪನಿಯ ಪ್ಲೇಯರೇ ಹಾಕ್ಬೇಕು."

"ಹಾಕಿ ಮತ್ತೆ."

"ಹಾಕೋಕೆ ನಿಮ್ಮ ಕಂಪ್ಯೂಟರ್ ಪಾಸ್‌ವರ್ಡ್ ಕೇಳ್ತಿದೆ."

"ಅದು ಮೇಲಿನ ಆಫೀಸಲ್ಲಿದೆ."

ಡಿವಿಆರ್ ಅಂದರೆ ಕ್ಯಾಮೆರಾ ದೃಶ್ಯ ಉಳಿಸಿಡುವ ಪೆಟ್ಟಿಗೆ. ಅದರ ತಯಾರಕರಲ್ಲಿ ಹಲವರಿಗೆ ತಮ್ಮದೇ ಧಾಟಿಯ ಫೈಲು ಬೇಕು. ಕ್ಯಾಮೆರಾ ಸಂಖ್ಯೆ, ದಿನಾಂಕ, ಸಮಯಗಳನ್ನೂ ಚಿತ್ರದ ಜೊತೆಗೇ ಹೆಣೆದಿಡುತ್ತಾರೆ. ಹಾಗಾಗಿ ಕಳ್ಳನ ಮುಖ ನೋಡಲು ಮೊದಲು ಕಂಪನಿಯ ತಂತ್ರಾಂಶದ ದರ್ಶನವಾಗಬೇಕು.

"ಎಂಪಿ4 ಮಾಡಿ ತರ್ಲಾ?"

"ಅಯ್ಯೋ, ಫೈಲು ಬದಲಾಯಿಸಿದ್ರೆ ಅದರ ಬೆರಳಚ್ಚಿನಂಥ ಹ್ಯಾಶ್ ಸಂಖ್ಯೆನೂ ಬದಲಾಗುತ್ತೆ! ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮು ಓದಿಲ್ವಾ? 2024ರ ಜುಲೈ 1ರಿಂದ ಜಾರಿಯಲ್ಲಿದೆ. ಫೈಲಿನ ಜೊತೆ ಕೊಡೋ ಪ್ರಮಾಣಪತ್ರದಲ್ಲಿ ಆ ಹ್ಯಾಶ್ ಸಂಖ್ಯೆ ಬರೀಬೇಕು. ಮೂಲ ಫೈಲೇ ಬೇಕು."

"ಮೂಲದಲ್ಲಿ ಕಳ್ಳ ಕಾಣಲ್ಲ, ಕಳ್ಳ ಕಾಣೋ ಫೈಲು ಮೂಲ ಅಲ್ಲ. ಈಗೇನ್ಮಾಡ್ಲಿ?"

"ಡಿವಿಆರನ್ನೇ ಹೊತ್ಕೊಂಡ್ ಬನ್ನಿ."

"ಅದರ ಡಿಸ್ಕ್ ತುಂಬಿ, ಹಳೇದರ ಮೇಲೆ ಹೊಸದು ಕೂತಿದೆ ಸಾರ್. ಈಗ ಅದರಲ್ಲಿರೋದು ಹಾಲಿನವನು ಮಾತ್ರ."

ಸಂಜೆಗೆ ಪಾಸ್‌ವರ್ಡ್ ಬಂತು, ಪ್ಲೇಯರ್ ತೆರೆಯಿತು. ಕಳ್ಳನೂ ಕಂಡ. ಮೂಲೆಯಲ್ಲಿ ದಿನಾಂಕವೂ ಕಂಡಿತು: 2000, ಜನವರಿ 1. ಡಿವಿಆರ್‌ನೊಳಗಿನ ಪುಟ್ಟ ಬ್ಯಾಟರಿ ಸತ್ತು ಗಡಿಯಾರ ಹಿಂದಕ್ಕೆ ಹೋಗಿತ್ತು.

"ಸ್ಕೂಟರ್ ತಗೊಂಡಿದ್ದು ಯಾವಾಗ?"

"2021ರಲ್ಲಿ."

ಹೆಡ್ ಕಾನ್‌ಸ್ಟೇಬಲ್ ರೈಟರ್ ಕಡೆ ತಿರುಗಿದರು. "ಬರ್ಕೊಳ್ಳಪ್ಪಾ, ಗಾಡಿ ತಯಾರಾಗೋಕೆ ಮುಂಚೆನೇ ಕಳುವಾಗಿದೆ."