ತಡವಾಗಿ ಮೇಲ್ಮನವಿ ಹಾಕುವ ವಿಧಾನ

ಬೇಕಾಗುವ ಸಾಮಗ್ರಿ: ರೈಲು ಅಪಘಾತ ಪರಿಹಾರದ ಸೋತ ಕೇಸು ಒಂದು, ಆದೇಶದ ದೃಢೀಕೃತ ನಕಲು ಒಂದು, ಗೋಡೆಗೆ ಒಂದು ಕ್ಯಾಲೆಂಡರು. ಕ್ಯಾಲೆಂಡರಿನ ಕಡೆ ನೋಡಕೂಡದು.

ಮೊದಲು ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯ ಬುಡಕ್ಕೆ ಹೋಗಿ ಅಶೋಕನ ಬಂಡೆಗೆ ಕೈಮುಗಿಯಿರಿ. ಉಪಾಸಕನಾಗಿ ಎರಡೂವರೆ ವರ್ಷಕ್ಕೂ ಹೆಚ್ಚಾಯಿತು, ಆದರೆ ಒಂದು ವರ್ಷ ಹೇಳಿಕೊಳ್ಳುವಂಥ ಪ್ರಯತ್ನವನ್ನೇ ಮಾಡಲಿಲ್ಲ ಎಂದು ಚಕ್ರವರ್ತಿ ಅಲ್ಲಿ ಒಪ್ಪಿಕೊಂಡಿದ್ದಾನೆ. ಸುವರ್ಣಗಿರಿಯಿಂದ ಇಸಿಲದ ಮಹಾಮಾತ್ರರಿಗೆ ಬಂದ ಈ ಅಫಿಡವಿಟ್ಟಿಗೆ ಯಾರೂ ತಕರಾರು ಹಾಕಿದಂತಿಲ್ಲ. ನಿಮ್ಮದಕ್ಕೆ ಹಾಕುತ್ತಾರೆ.

ಇನ್ನು ಕೆಲಸ. ರೈಲಿನಿಂದ ಬಿದ್ದು ಸತ್ತವರ ಮನೆಯವರಿಗೆ ರೈಲ್ವೆಯ ತಪ್ಪಿರಲಿ ಇಲ್ಲದಿರಲಿ ಪರಿಹಾರ ಕೊಡಬೇಕೆನ್ನುತ್ತದೆ ರೈಲ್ವೆ ಕಾಯ್ದೆಯ 124ಎ ಕಲಂ. 2017ರ ಜನವರಿ 1ರಿಂದ ಆ ಮೊತ್ತ 8 ಲಕ್ಷ. ಅರ್ಜಿ ಹಾಕಲು ಒಂದು ವರ್ಷ. ಸೋತರೆ ಹೈಕೋರ್ಟಿಗೆ ಹೋಗಲು 90 ದಿನ. ಚಳ್ಳಕೆರೆಯಲ್ಲಿ ರೈಲು ಹತ್ತಿದವರಾದರೂ ಈ ಅರ್ಜಿ ಕೇಳುವ ರೈಲ್ವೆ ಟ್ರಿಬ್ಯೂನಲ್ ಪೀಠ ಇರುವುದು ಬೆಂಗಳೂರಿನಲ್ಲಿ. ಆದೇಶದ ಪ್ರತಿ ವಕೀಲರ ಕಪಾಟಿನಲ್ಲಿ ಬೆಚ್ಚಗಿರಲಿ. ಶೇಂಗಾ ಕೈಕೊಟ್ಟ ವರ್ಷವಾದರೆ ನೀವು ಗುಳೆ ಹೊರಡಿ. ತೊಂಬತ್ತು ದಿನ ತಾನಾಗಿ ಕಳೆಯುತ್ತದೆ, ಶ್ರಮ ಬೇಡ.

ಆಮೇಲೆ ವಿಳಂಬ ಮನ್ನಾ ಅರ್ಜಿ. ‘ಕಾಯಿಲೆಯಿತ್ತು’ ಎಂದರೆ ಚೀಟಿ ಕೇಳುತ್ತಾರೆ. ‘ಗೊತ್ತಾಗಲಿಲ್ಲ’ ಎಂದರೆ ಯಾವಾಗ ಗೊತ್ತಾಯಿತು ಎನ್ನುತ್ತಾರೆ. ‘ದುಡ್ಡಿರಲಿಲ್ಲ’ ಎಂಬುದು ನಿಜವಾದ ಕಾರಣ, ಆದ್ದರಿಂದ ಅದನ್ನು ಬರೆಯಲು ಎಲ್ಲರಿಗೂ ನಾಚಿಕೆ. ಬರೆಯಿರಿ. ಮನ್ನಾ ಸಿಕ್ಕರೂ ತಡವಾದ ದಿನಗಳ ಬಡ್ಡಿ ಕತ್ತರಿಸುವ ಷರತ್ತು ಬೀಳುವುದುಂಟು.

ತಡಮಾಡುವುದರಲ್ಲಿ ಪಳಗಬೇಕೆಂದಿದ್ದರೆ ಗುರು ಸರ್ಕಾರವೇ. ಕಡತ ಒಂದು ಮೇಜಿನಿಂದ ಇನ್ನೊಂದಕ್ಕೆ ಹೋಗಬೇಕು, ಅಭಿಪ್ರಾಯ ಬರಬೇಕು, ಮಂಜೂರಾತಿ ಆಗಬೇಕು. ಅಲ್ಲಿ ಯಾರಿಗೂ ಜ್ವರ ಬರುವುದಿಲ್ಲ, ಯಾರೂ ಗುಳೆ ಹೋಗುವುದಿಲ್ಲ, ಆದರೂ ವರ್ಷ ಉರುಳುತ್ತದೆ. ಪ್ರತಿ ದಿನದ ವಿಳಂಬಕ್ಕೂ ಲೆಕ್ಕ ಕೊಡಿ ಎಂದು ಹಟ ಹಿಡಿಯಬಾರದೆಂಬ ಸುಪ್ರೀಂ ಕೋರ್ಟಿನ 1987ರ ಕಾತಿಜಿ ತೀರ್ಪನ್ನು ಬಡ ಅರ್ಜಿದಾರರ ವಕೀಲರು ಇಂದಿಗೂ ಓದಿ ಹೇಳುತ್ತಾರೆ. ಆ ಕೇಸಿನಲ್ಲಿ ತಡವಾಗಿ ಬಂದದ್ದು ಯಾವ ವಿಧವೆಯೂ ಅಲ್ಲ, ಒಬ್ಬ ಕಲೆಕ್ಟರು, ನಾಲ್ಕೇ ದಿನ! 2020ರ ಹೊತ್ತಿಗೆ ಸುಪ್ರೀಂ ಕೋರ್ಟಿನ ತಾಳ್ಮೆಯೂ ಮುಗಿದಿತ್ತು. 663 ದಿನ ತಡಮಾಡಿದ ಮಧ್ಯಪ್ರದೇಶ ಸರ್ಕಾರಕ್ಕೆ 25 ಸಾವಿರ ದಂಡ ಹಾಕಿ ಕಳಿಸಿತು. ಸರ್ಕಾರಕ್ಕೆ ಅದು ಕಾಫಿ ಖರ್ಚು.

ಟಿಕೆಟ್ ಸಿಗಲಿಲ್ಲವೆಂಬ ಕಾರಣಕ್ಕೆ ಕೇಸು ಬಿದ್ದಿದ್ದರೆ ಮಾತ್ರ ಈ ಕೈಪಿಡಿಯನ್ನು ಇಲ್ಲಿಗೇ ಮುಚ್ಚಿ. ಹೆಣದ ಜೇಬಿನಲ್ಲಿ ಟಿಕೆಟ್ ಇರಲಿಲ್ಲವೆಂದ ಮಾತ್ರಕ್ಕೆ ಅವನು ಪ್ರಯಾಣಿಕನಲ್ಲ ಎನ್ನಲಾಗದು ಎಂದು 2018ರಲ್ಲಿ ರೀನಾ ದೇವಿ ಪ್ರಕರಣದಲ್ಲಿ ತೀರ್ಮಾನವಾಗಿದೆ. ಆದೇಶದ ನಕಲು ಹಿಡಿದು ಈ ವಾರವೇ ಮೊಳಕಾಲ್ಮೂರಿನ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಹೆಂಗಸರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ ವಕೀಲರ ನೆರವು ಉಚಿತ, ಆದಾಯ ಎಷ್ಟೇ ಇರಲಿ.